ಕೌದಿಗೆ ಸಾಲದ ನಾಲ್ಕು ಚೌಕ

ಮನೆಯವರು ತೀರಿಕೊಂಡ ಮೇಲೆ ಅವರ ಅಂಗಿಗಳನ್ನೆಲ್ಲ ಚೌಕಚೌಕವಾಗಿ ಕತ್ತರಿಸಿ ಕೌದಿ ಹೊಲಿದಿದ್ದೆ. ಅಗಲಕ್ಕೆ ಇಪ್ಪತ್ತೆಂಟು ಚೌಕ, ಉದ್ದಕ್ಕೆ ಮೂವತ್ತೆರಡು. ಹೊಸ ಮಂಚ ಬಂದಾಗ ಅಗಲ ಸಾಲದಾಯಿತು. ಉದ್ದದಲ್ಲಿ ಎರಡು ಸಾಲು ಬಿಚ್ಚಿ ಅಗಲಕ್ಕೆ ಎರಡು ಸಾಲು ಸೇರಿಸು, ಮೂವತ್ತಕ್ಕೆ ಮೂವತ್ತು ಆಗುತ್ತದೆ ಎಂದು ಸೊಸೆಗೆ ಹೇಳಿದೆ. ನನಗೀಗ ಸೂಜಿಯ ಕಣ್ಣು ಕಾಣುವುದಿಲ್ಲ. ಬಾಯಿ ಮಾತ್ರ ಚೆನ್ನಾಗಿಯೇ ಇದೆ.

ಸೊಸೆ ಹೊಲಿದು ತಂದಳು. ಒಂದು ಮೂಲೆಯಲ್ಲಿ ನಾಲ್ಕು ಚೌಕದ ಜಾಗ ಖಾಲಿ.

"ಸಾಲಲಿಲ್ಲ ಅತ್ತೆ," ಎಂದಳು.

ಎರಡು ಸಾಲು ತೆಗೆದು ಎರಡು ಸಾಲು ಹಾಕಿದರೆ ಅದು ಹೇಗೆ ಸಾಲುವುದಿಲ್ಲ? ಅವರ ಅಂಗಿಯ ಚೂರನ್ನು ಎಸೆದಿದ್ದಾಳೆ ಎಂದೇ ತೀರ್ಮಾನಿಸಿದೆ. ಅವಳನ್ನು ಒಂದು ಮಾತೂ ಕೇಳದೆ ಅಕ್ಕನಿಗೆ ಫೋನು ಮಾಡಿದೆ. ಅಕ್ಕನಿಗೆ ಹೇಳುವುದೂ ಒಂದೇ, ಡಂಗುರ ಸಾರುವುದೂ ಒಂದೇ. ಸಂಜೆಯೊಳಗೆ ನನ್ನ ನಾದಿನಿ, ಓರಗಿತ್ತಿ, ಅವರ ಬೀಗರು, ಎಲ್ಲರಿಗೂ ಸುದ್ದಿ ಹೋಯಿತು: ಸತ್ತ ಮಾವನ ಬಟ್ಟೆಯನ್ನು ಸೊಸೆ ಕಸಕ್ಕೆ ಹಾಕಿದಳಂತೆ.

ಭಾನುವಾರ ಅಕ್ಕನ ಮನೆಯಲ್ಲಿ ನೆಂಟರೆಲ್ಲ ಸೇರುವುದಿತ್ತು.

"ದೊಡ್ಡತ್ತೆ ಮನೆಗೆ ನಾನು ಬರಲ್ಲ," ಎಂದಳು ಸೊಸೆ. ಅತ್ತು ಅತ್ತು ಮುಖ ಊದಿತ್ತು. "ಎಲ್ಲರೂ ನನ್ನನ್ನ ಒಂಥರಾ ನೋಡ್ತಾರೆ. ನಾನು ಎಸೆದಿಲ್ಲ ಅತ್ತೆ."

"ಹಾಗಾದ್ರೆ ರೆಕ್ಕೆ ಬಂದು ಹಾರಿಹೋಯ್ತಾ?"

ಅವಳು ಟೈಲ್ಸ್ ಅಂಗಡಿಯಲ್ಲಿ ಕೆಲಸ ಮಾಡುವವಳು. ಯಾವ ನೆಲಕ್ಕೆ ಎಷ್ಟು ಟೈಲ್ಸ್ ಎಂದು ದಿನವಿಡೀ ಬಾಯಲ್ಲೇ ಲೆಕ್ಕ ಹೇಳುತ್ತಾಳೆ. ಕೌದಿ ತಂದು ನನ್ನ ಮುಂದೆ ಹಾಸಿದಳು.

"ಇಪ್ಪತ್ತೆಂಟು ಅಂದ್ರೆ ಮೂವತ್ತಕ್ಕೆ ಎರಡು ಕಡಿಮೆ. ಮೂವತ್ತೆರಡು ಅಂದ್ರೆ ಎರಡು ಜಾಸ್ತಿ. ಇದನ್ನ ಗುಣಿಸೋಕೆ ಕಾಗದ ಬೇಡ. ಮೂವತ್ತರ ವರ್ಗದಲ್ಲಿ ಎರಡರ ವರ್ಗ ಕಳೀರಿ. ಒಂಬೈನೂರಕ್ಕೆ ನಾಲ್ಕು ಕಡಿಮೆ. ಶಾಲೇಲಿ ಎ ಪ್ಲಸ್ ಬಿ, ಎ ಮೈನಸ್ ಬಿ ಅಂತ ಉರು ಹೊಡೀತಿದ್ವಲ್ಲ, ಅದೇ ಇದು."

"ಇಪ್ಪತ್ತೊಂದು ಹತ್ತೊಂಬತ್ಲಿ ಎಷ್ಟು?" ಎಂದು ಕೆಣಕಿದೆ.

"ನಾನೂರಕ್ಕೆ ಒಂದು ಕಡಿಮೆ."

ಪೇಪರಿನ ಅಂಚಿನಲ್ಲಿ ಗುಣಿಸಿ ನೋಡಿದೆ. ಮುನ್ನೂರ ತೊಂಬತ್ತೊಂಬತ್ತೇ ಬಂತು.

"ನೀವು ಬಿಚ್ಚಿಸಿದ ಸಾಲಲ್ಲಿ ಇದ್ದಿದ್ದು ಇಪ್ಪತ್ತೆಂಟೇ. ಸೇರಿಸೋ ಸಾಲಿಗೆ ಮೂವತ್ತು ಬೇಕು. ಸಾಲಿಗೆ ಎರಡರಂತೆ ಎರಡು ಸಾಲಿಗೆ ನಾಲ್ಕು ಕಡಿಮೆ," ಎಂದಳು.

ಬೆರಳಿಟ್ಟು ಎಣಿಸಿದೆ. ಆ ನಾಲ್ಕು ಚೂರು ಎಲ್ಲೂ ಹೋಗಿರಲಿಲ್ಲ, ಮೊದಲಿಗೇ ಇರಲಿಲ್ಲ. ನನಗೆ ನಾಚಿಕೆಯಾಯಿತು.

ತಕ್ಷಣ ಅಕ್ಕನಿಗೆ ಫೋನು ಮಾಡಿ ವರ್ಗ, ಕಡಿಮೆ, ಜಾಸ್ತಿ ಎಲ್ಲ ಬಿಡಿಸಿ ಹೇಳಿದೆ.

"ನಿನ್ನ ಕಿವಿ ಮೇಲೆ ಹೂ ಇಟ್ಟಿದ್ದಾಳೆ," ಎಂದಳು ಅಕ್ಕ. "ಎರಡು ತೆಗೆದು ಎರಡು ಹಾಕಿದ್ರೆ ಸರಿಹೋಗ್ಲೇಬೇಕು. ಲೆಕ್ಕ ಬಲ್ಲವಳು, ಹೇಗೆ ಬೇಕಾದ್ರೂ ತಿರುಗಿಸ್ತಾಳೆ."

ಇನ್ನೊಮ್ಮೆ ಹೇಳಿದೆ. ಮತ್ತೊಮ್ಮೆಯೂ ಹೇಳಿದೆ. ಅಕ್ಕ ಜಪ್ಪಯ್ಯ ಎನ್ನಲಿಲ್ಲ. ಬಾಗಿಲಲ್ಲಿ ನಿಂತು ಕೇಳುತ್ತಿದ್ದ ಸೊಸೆ ತಲೆ ತಗ್ಗಿಸಿದಳು.

"ಸರಿ ಅಕ್ಕ, ನಿಜ ಹೇಳ್ಬಿಡ್ತೀನಿ," ಎಂದೆ. "ನಾಲ್ಕೂ ನನ್ನ ದಿಂಬಿನ ಕೆಳಗೇ ಸಿಕ್ಕವು. ನಾನೇ ಇಟ್ಟು ಮರೆತಿದ್ದೆ. ಹೇಳೋಕೆ ನಾಚಿಕೆಯಾಗಿ ಲೆಕ್ಕದ ಕಥೆ ಕಟ್ಟಿದೆ."

ಅಕ್ಕ ಒಂದೇ ಸಲಕ್ಕೆ ನಂಬಿದಳು. "ನಿನಗೆ ಅರಳುಮರಳು. ಪಾಪ, ಆ ಹುಡುಗಿ ಹೆಸರು ಸುಮ್ಮನೆ ಕೆಡಿಸಿದ್ಯಲ್ಲ," ಎಂದು ಚೆನ್ನಾಗಿ ಬೈದು ಫೋನಿಟ್ಟಳು. ಇನ್ನು ಓರಗಿತ್ತಿಗೆ ಮಾಡುತ್ತಾಳೆ, ಆಮೇಲೆ ನಾದಿನಿಗೆ.

"ಯಾಕತ್ತೆ ಹಾಗೆ ಹೇಳಿದ್ರಿ? ಲೆಕ್ಕ ಸರಿಯಾಗೇ ಇತ್ತಲ್ಲ."

"ಇತ್ತು. ಅವಳ ತಲೆಗೆ ಹೋಗೋವರೆಗೆ ಭಾನುವಾರ ಕಾಯುತ್ತಾ?"

"ಅಲ್ಲಿ ಎಲ್ಲರೂ ನಿಮ್ಮನ್ನ ನೋಡಿ ನಗ್ತಾರೆ."

"ನಗಲಿ ಬಿಡು."

ಅವಳು ನನ್ನ ಪಕ್ಕ ಬಂದು ಕೂತಳು.

"ಭಾನುವಾರ ಎಷ್ಟು ಗಂಟೆಗೆ ಹೊರಡೋಣ?" ಎಂದು ಕೇಳಿದಳು.