ಚಹಾ ಬಿಟ್ಟ ಜಗದೇವಪ್ಪನ ಹನ್ನೊಂದು ಕಪ್ ಕಾಫಿ

ಶಿರವಾಳದ ಸುಲ್ತಾನಸಾಬನಾದ ನನ್ನಷ್ಟು ಗಟ್ಟಿ ಕಾಫಿ ಮಾಡುವವರು ಇಡೀ ಶಹಾಪುರ ತಾಲ್ಲೂಕಿನಲ್ಲಿಲ್ಲ. ಚಮಚ ನೆಟ್ಟರೆ ಕಂಬದಂತೆ ನಿಲ್ಲುತ್ತದೆ. ಅದನ್ನು ನೆರೆಮನೆಯ ಜಗದೇವಪ್ಪನಿಗೆ ಕುಡಿಸಿದವನೂ ನಾನೇ.

ಜಗದೇವಪ್ಪನಿಗೆ ಹೊಟ್ಟೆಯಲ್ಲಿ ಹುಣ್ಣು. ಮೆತ್ತನೆಯ ಅನ್ನ, ಬೇಳೆಕಟ್ಟು ಉಣ್ಣು; ಖಾರ, ಕರಿದದ್ದು, ಚಹಾ ಬಿಡು ಎಂದಿದ್ದರು ಡಾಕ್ಟರು. ನಮ್ಮ ಕಡೆ ದಿನವೂ ಕುಡಿಯುವುದು ಚಹಾ. ಕಾಫಿ ಏನಿದ್ದರೂ ಬೀಗರಿಗೆ, ಜಡ್ಡಾಗಿ ಮಲಗಿದವರಿಗೆ. ಹಾಗಾಗಿ ಪಥ್ಯಕ್ಕೆ ಕಾಫಿ ನಡೆಯುತ್ತದೆ ಎಂದು ಅವನೂ ತಿಳಿದ, ಊರೂ ತಿಳಿಯಿತು.

ಮಗಳ ಮದುವೆಗೆ ಕರೆಯಲು ಅವನು ಖಾಲಿ ಹೊಟ್ಟೆಯಲ್ಲಿ ಹೊರಟ. ಕರೆಯಲು ಬಂದವರನ್ನು ಬರಿಬಾಯಲ್ಲಿ ಕಳಿಸುವುದುಂಟೇ? “ಚಹಾ ಒಲ್ಲೆ, ಪಥ್ಯ ಅದ” ಎಂದರೆ, “ಹಂಗಾರ ಕಾಫಿ ಕುಡೀರಿ!” ಹನ್ನೊಂದು ಮನೆ, ಹನ್ನೊಂದು ಕಪ್ಪು. ಬೇರೆ ಕಥೆಯಾಗಿದ್ದರೆ ನಾನು ನೂರಾ ಹನ್ನೊಂದು ಎನ್ನುತ್ತಿದ್ದೆ. ಇದೊಂದು ಲೆಕ್ಕ ಮಾತ್ರ ನಿಜ.

ಮರುದಿನ ಹೊಟ್ಟೆ ಹಿಡಿದುಕೊಂಡು ಅವನು ಕೂಗಿದ್ದು ನಾರಾಯಣಪುರದ ಡ್ಯಾಮಿನವರೆಗೂ ಕೇಳಿರಬೇಕು. ಮಲ ಡಾಂಬರಿನಂತೆ ಕಪ್ಪಗಿತ್ತು. ಆಶಾ ಕಾರ್ಯಕರ್ತೆ ಖಾಜಾಬೀ ಓಡಿ ಬಂದಳು. ಸಂಗತಿ ಕೇಳಿ ಕೆಂಡವಾದಳು.

“ಕಾಕಾ, ಚಹಾ ಬಂದ್ ಅಂದ್ರ ಕಾಫಿ ಚಾಲೂ ಅಂತ ಯಾರ್ ಹೇಳ್ಯಾರ್ರಿ?”

“ಹಾಲಿಂದು ಅಲ್ಲೇನವಾ, ತಂಪು ಅಂತ...” ಎಂದ ಜಗದೇವಪ್ಪ.

“ತಂಪು! ಕಾಫಿಯಿಂದ ಹೊಟ್ಟ್ಯಾಗ ಆಮ್ಲ ಹೆಚ್ಚಾಗ್ತದ. ಹುಣ್ಣಿನ ಮ್ಯಾಲ ಖಾರ ಸುರುವಿಕೊಂಡಂಗ! ಕರಿ ಮಲ ಅಂದ್ರ ಒಳಗ ರಕ್ತ ಸೋರಾಕತ್ತದ. ಗಾಡಿ ತರಸ್ರಿ ಲಗೂ!”

ಜಗದೇವಪ್ಪನ ಹೆಂಡತಿ ಗೊಲ್ಲಾಳಮ್ಮ ಅಳತೊಡಗಿದಳು. “ಒಲ್ಲೆ ಅಂದ್ರ ಸಿಟ್ಟಾಗಿ ಮದಿವಿಗೇ ಬರಂಗಿಲ್ಲ ಮಂದಿ.”

“ಮಂದಿ ಬರ್ಲಿ ಬಿಡ್ಲಿ, ಮದಿವಿಗಿ ಅಪ್ಪ ಬ್ಯಾಡೇನ್ರಿ?” ಎಂದ ಖಾಜಾಬೀ ನನ್ನ ಕಡೆ ತಿರುಗಿದಳು. “ಸುಲ್ತಾನಚಾಚಾ, ಮೊದಲನೇ ಕಪ್ಪು ನಿಮ್ದೇ ಅಲ್ಲೇನ್ರಿ? ಭಾಳ ದೊಡ್ಡಸ್ತಿಕಿ ಹೇಳ್ತೀರಲ್ಲ, ಈಗ ಹೇಳ್ರಿ!”

ನಾನು ಗಾಡಿ ತರಲು ಓಡಿದೆ.

ಎಂಟು ದಿನ ಆಸ್ಪತ್ರೆ, ಎರಡು ಬಾಟಲಿ ರಕ್ತ. ಜೀವ ಉಳಿಯಿತು. ಕರೆಯಬೇಕಿದ್ದ ಉಳಿದ ಮನೆಗಳಿಗೆ ಗೊಲ್ಲಾಳಮ್ಮನೇ ಹೋದಳು. “ಮದಿವಿಗಿ ಬರ್ರಿ. ನಮ್ಮವ್ರು ಬಂದ್ರ ಕಾಫಿ ಗೀಫಿ ಕೊಟ್ಟೀರಿ, ನೋಡ್ರಿ ಮತ್ತ!” ಎಂದಳು. ಒಬ್ಬರೂ ಮುನಿಯಲಿಲ್ಲ.

ಹೊಟ್ಟೆ ಹುಣ್ಣಿನವರೇ, ಚಹಾ ಬಿಟ್ಟು ಕಾಫಿ ಹಿಡಿಯಬೇಡಿ. ಪಥ್ಯದಲ್ಲಿ ಏನು ನಡೆಯುತ್ತದೆ ಎಂದು ಊರನ್ನಲ್ಲ, ಡಾಕ್ಟರನ್ನು ಕೇಳಿ. ಮಲ ಕಪ್ಪಾದರೆ, ವಾಂತಿಯಲ್ಲಿ ರಕ್ತ ಕಂಡರೆ ಕೂಡಲೇ ಆಸ್ಪತ್ರೆಗೆ ಓಡಿ.

ಇನ್ನು ಉಪಚಾರದ ಶೂರರೇ, ಒಲ್ಲೆ ಎಂದವರ ಕೈಗೆ ಕಪ್ಪು ತುರುಕಬೇಡಿ. ಈ ಮಾತಿಗೆ ಸಿಟ್ಟು ಬಂತೇ? ಬರಲಿ. ಜಗದೇವಪ್ಪನಿಗೆ ರಕ್ತ ಏರಿಸುವುದನ್ನು ಬಾಗಿಲಲ್ಲಿ ನಿಂತು ನೋಡಿದ ನನಗೆ ನನ್ನ ಮೇಲೇ ಅದಕ್ಕಿಂತ ಹೆಚ್ಚು ಸಿಟ್ಟು ಬಂದಿದೆ.