ಹಣ್ಣಿನ ಮೇಲಿನ ಹೊಳಪು

ರಾತ್ರಿ ಒಂದು ಗಂಟೆ ದಾಟಿರಬೇಕು. ನಡುಮನೆಯಲ್ಲಿ ಫ್ರಿಜ್ಜಿನ ಬಾಗಿಲು ತೆರೆದ ಸದ್ದಾಯಿತು. ರಬ್ಬರು ಬಿಟ್ಟುಕೊಳ್ಳುವಾಗಿನ ಸಣ್ಣ ಸದ್ದು, ಅಷ್ಟೇ. ನಮ್ಮವರು ಪಕ್ಕದಲ್ಲಿ ಗೊರಕೆ ಹೊಡೆಯುತ್ತಿದ್ದರು. ನಾನು ಎದ್ದು ಕುಳಿತೆ.

ಅವತ್ತು ಏಕಾದಶಿ. ಏಕಾದಶಿಯ ರಾತ್ರಿ ನನ್ನ ಕಿವಿ ಅತ್ತೆಯವರ ಕೋಣೆಯ ಕಡೆಗೇ ಇರುತ್ತದೆ. ಎರಡು ತಿಂಗಳ ಹಿಂದೆ ಹೀಗೆಯೇ ನಿರ್ಜಲ ಉಪವಾಸವಿದ್ದು ಬಚ್ಚಲಲ್ಲಿ ತಲೆ ತಿರುಗಿ ಬಿದ್ದಿದ್ದರು. ಎಪ್ಪತ್ತೆರಡು ವಯಸ್ಸು, ಇನ್ನು ಮೇಲೆ ಹಣ್ಣು ಹಾಲಾದರೂ ತೆಗೆದುಕೊಳ್ಳಬೇಕು ಎಂದು ಡಾಕ್ಟರು ಖಡಾಖಂಡಿತವಾಗಿ ಹೇಳಿದ್ದರು. ಮಠದವರೂ ವಯಸ್ಸಾದವರಿಗೆ ಫಲಾಹಾರ ನಡೆಯುತ್ತದೆ ಎಂದಿದ್ದರು. ಅತ್ತೆಯವರು ಒಪ್ಪಿರಲಿಲ್ಲ. "ನಲವತ್ತು ವರ್ಷ ಹಿಡದದ್ದು, ಈಗ ಬಿಡ್ಲೇನು?" ಎಂದಿದ್ದರು.

ಮರುದಿನ ಮಧ್ಯಾಹ್ನ ನಮ್ಮ ಮನೆಗೆ ಒಕುಮುರಾ ಎಂಬ ಜಪಾನಿನವರು ಊಟಕ್ಕೆ ಬರುವವರಿದ್ದರು. ಸಂಡೂರಿನ ಅದಿರು ಕೊಳ್ಳುವ ಕಂಪನಿಯವರು. ನಮ್ಮವರು ಅದಿರಿನ ಪರೀಕ್ಷೆ ಕಲಿಯಲು ಮೂರು ತಿಂಗಳು ಅವರ ದೇಶಕ್ಕೆ ಹೋಗಿದ್ದಾಗ, ಒಕುಮುರಾ ಅವರ ಹೆಂಡತಿ ಮನೆಗೆ ಕರೆದು ತಾಜಾ ಹಣ್ಣಿನ ಪೈ ಎಂಬ ಸಿಹಿತಿಂಡಿ ಮಾಡಿ ಬಡಿಸಿದ್ದರಂತೆ. ಮೊಟ್ಟೆ ಹಾಕದೆ, ಇವರಿಗಾಗಿಯೇ. ಮಾಡುವ ಕ್ರಮವನ್ನು ನಮ್ಮವರು ನೋಟುಬುಕ್ಕಿನಲ್ಲಿ ಬರೆದುಕೊಂಡು ಬಂದಿದ್ದರು. ಅದನ್ನೇ ಮಾಡಿ ಬಡಿಸಬೇಕೆಂದು ಅವರ ಆಸೆ. ಮೈದಾದ ತಳ ಸುಟ್ಟು, ಪೂರ್ತಿ ಆರಿಸಿ, ಮೇಲೆ ಕೆನೆ ಹರಡಿ, ಹಣ್ಣು ಜೋಡಿಸಿ, ರಾತ್ರಿಯಿಡೀ ತಣ್ಣಗಿಡಬೇಕು. ಹಾಗಾಗಿ ಏಕಾದಶಿಯ ಸಂಜೆಯೇ ಮಾಡಬೇಕಾಯಿತು.

"ಏಕಾದಶಿ ದಿವ್ಸ ಮನ್ಯಾಗ ಮೈದಾ ನಾದೋದು ಇದ ಮೊದಲು ನೋಡಿದ್ದು," ಎಂದರು ಅತ್ತೆಯವರು, ಅಡುಗೆಮನೆಯ ಹೊಸ್ತಿಲಲ್ಲಿ ನಿಂತು. "ಹಿತ್ತಲದಾಗ ಮಾಡ್ಕೋ ವಾರಿಜಾ. ಒಲಿ ಕಡೆ ತರಬ್ಯಾಡ."

ಮನೆಯಲ್ಲಿ ಓವನ್ ಇರಲಿಲ್ಲ. ಹಿತ್ತಲಿನಲ್ಲಿ ಸೀಮೆಎಣ್ಣೆ ಸ್ಟೋವ್ ಹಚ್ಚಿ, ದಪ್ಪ ತಳದ ಡಬರಿಗೆ ಉಸುಕು ಹಾಕಿ ಕಾಯಿಸಿದೆ. ಪಾತ್ರೆ ತೊಳೆಯಲು ಬಂದ ದುರ್ಗಕ್ಕ ನಿಂತು ನೋಡಿದಳು.

"ಉಸುಕು ಹುರಿಯಾಕತ್ತೀರೇನ್ರಿ ಅಮ್ಮಾರ? ಜಪಾನ್ನೋರು ಉಸುಕು ತಿಂತಾರಾ?"

"ಹೂಂ, ನಿನಗೂ ಒಂದು ಬೊಗಸಿ ಕೊಡ್ತೀನಿ, ತಡಿ."

"ಬ್ಯಾಡ್ರವ್ವ! ನಮ್ಮನ್ಯಾಗ ರೊಟ್ಟಿ ಐತಿ."

ತಣ್ಣನೆಯ ಬೆಣ್ಣೆಯನ್ನು ಮೈದಾಕ್ಕೆ ಬೆರಳ ತುದಿಯಲ್ಲಿ ಉಜ್ಜಿ, ನಾಲ್ಕು ಚಮಚ ನೀರಲ್ಲಿ ಕಲಸಿ, ಕಂಠವಿದ್ದ ತಟ್ಟೆಗೆ ಹೊಂದುವಂತೆ ಲಟ್ಟಿಸಿದ್ದೆ. ಉಬ್ಬದಿರಲೆಂದು ಮುಳ್ಳುಚಮಚದಿಂದ ಚುಚ್ಚಿ, ಉಸುಕಿನ ಮೇಲಿಟ್ಟು ಮುಚ್ಚಿದೆ. ಅಂಚು ಒಂದು ಕಡೆ ಕಪ್ಪಾಯಿತು. ಅದನ್ನು ಚಾಕುವಿನಿಂದ ಕೆರೆದೆ. ನಾಲ್ಕು ದಿನದ ಎಮ್ಮೆಹಾಲಿನ ಕೆನೆಯನ್ನು ಸಕ್ಕರೆ ಹಾಕಿ ಕಡೆದು ಹರಡಿದೆ. ಮೇಲೆ ಮೋಸಂಬಿಯ ತೊಳೆ, ಸೀಳಿದ ದ್ರಾಕ್ಷಿ, ಪರಂಗಿಯ ತೆಳು ಹೋಳು. ಕಂಪ್ಲಿಯ ಬಾಳೆಹಣ್ಣು ಹಾಕೋಣವೆಂದರೆ, ಕಪ್ಪಾಗುತ್ತದೆಂದು ನಮ್ಮವರು ತರಲೇ ಇಲ್ಲ. ಒಂದೊಂದು ಹಣ್ಣೂ ಎದ್ದು ಕಾಣಬೇಕು, ಅವರಲ್ಲಿ ಹಾಗೆ ಎಂದು ಬಗ್ಗಿ ನಿಂತು ಹೋಳುಗಳನ್ನು ತಿದ್ದಿದರು. ಕೊನೆಗೆ ಮೇಲೆ ಗಾಜಿನಂಥ ಹೊಳಪು ಬಳಿದೆ. ನಿಜಕ್ಕೂ ಚೆನ್ನಾಗಿ ಕಾಣುತ್ತಿತ್ತು.

ಈಗ ನಾನು ಬಾಗಿಲ ಸಂದಿಯಿಂದ ನೋಡಿದೆ. ಫ್ರಿಜ್ಜಿನ ಬೆಳಕಿನಲ್ಲಿ ಅತ್ತೆಯವರು ನೆಲದ ಮೇಲೆ ಕುಳಿತಿದ್ದರು. ಮಡಿಲ ಮುಂದೆ ತಟ್ಟೆ. ಎರಡೇ ಬೆರಳಲ್ಲಿ ಒಂದೊಂದೇ ತೊಳೆಯನ್ನು ಎತ್ತಿ, ಕಣ್ಣು ಮುಚ್ಚಿ ಬಾಯಿಗೆ ಹಾಕಿಕೊಳ್ಳುತ್ತಿದ್ದರು. ಮಕ್ಕಳು ತಿನ್ನುವ ಹಾಗೆ ತಿನ್ನುತ್ತಿದ್ದರು.

ಮೊದಲು ನನಗೆ ಆದದ್ದು ಸಮಾಧಾನ. ಬಿದ್ದಿಲ್ಲ, ಏನೋ ಹೊಟ್ಟೆಗೆ ಹೋಗುತ್ತಿದೆ. ಸದ್ದಿಲ್ಲದೆ ಹಿಂದೆ ಸರಿದೆ. ಮಂಚದ ಮೇಲೆ ಕುಳಿತ ಮೇಲೆ ಆ ಹೊಳಪಿನ ನೆನಪಾಯಿತು.

ಹೊಳಪಿಗೆ ಕಡಲ ಪಾಚಿಯ ಅಂಟು ಬೇಕೆಂದು ನೋಟುಬುಕ್ಕಿನಲ್ಲಿತ್ತು. ಹೊಸಪೇಟೆ ಬಜಾರಿನ ಮೂರು ಅಂಗಡಿಯಲ್ಲೂ ಅದು ಸಿಗಲಿಲ್ಲ. ನಾನು ಕಾರ್ನ್‌ಫ್ಲೋರ್ ಕದಡಿ, ಸಕ್ಕರೆ ನೀರಲ್ಲಿ ಕುದಿಸಿ ಬಳಿದಿದ್ದೆ. ಕಾರ್ನ್‌ಫ್ಲೋರ್ ಎಂದರೆ ಗೋವಿನಜೋಳದ ಹಿಟ್ಟು. ಧಾನ್ಯ. ಏಕಾದಶಿಯ ದಿನ ಅತ್ತೆಯವರ ಬಾಯಿಗೆ ಒಂದು ಕಾಳಿನಷ್ಟೂ ಹೋಗಬಾರದ್ದು.

ಗಂಗಾವತಿಯ ಒಂದು ಮದುವೆಯಲ್ಲಿ ಸಾರಿಗೆ ಉಳ್ಳಾಗಡ್ಡಿ ಬಿದ್ದಿತ್ತೆಂದು ಊಟವಾದ ಮೇಲೆ ತಿಳಿದಾಗ, ಪ್ರಾಯಶ್ಚಿತ್ತವೆಂದು ಮೂರು ದಿನ ಅನ್ನ ಬಿಟ್ಟಿದ್ದರು. ಆಗ ಅರವತ್ತೈದು. ನಾಲ್ಕನೆಯ ದಿನ ಆಸ್ಪತ್ರೆಯಲ್ಲಿ ಗ್ಲೂಕೋಸ್ ಏರಿಸಬೇಕಾಯಿತು. ಈಗ ತಿಳಿದರೆ ಎಷ್ಟು ದಿನ ಬಿಡುತ್ತಾರೆ? ಆ ದೇಹ ತಡೆಯುತ್ತದೆಯೇ? ಬೆಳಗಾಗುವವರೆಗೆ ಅದನ್ನೇ ಯೋಚಿಸಿದೆ.

ಬೆಳಿಗ್ಗೆ ನಮ್ಮವರು ಫ್ರಿಜ್ ತೆರೆದು ಕೂಗಿದರು. "ಇದೇನ ಇದು! ಮೋಸಂಬಿ ಎಲ್ಲಿ? ಅರ್ಧ ಬೋಳು ಆಗ್ಯದಲ್ಲ!"

"ನೀರು ಬಿಟ್ಟಿದ್ವು, ನಾನ ತೆಗದೆ. ಜಲ್ದಿ ಹೋಗಿ ನಾಲ್ಕು ಹಣ್ಣು ತೊಗೊಂಡು ಬರ್ರಿ."

"ರಾತ್ರಿ ಹೇಳಬಾರದಾ? ಆ ಮನುಷ್ಯಾ ಒಂದಕ್ಕ ಬರ್ತಾನ!"

"ಇನ್ನೂ ಏಳು ಸುದ್ದಾ ಆಗಿಲ್ಲ. ಹೋಗ್ರಿ."

ಅವರು ಸೈಕಲ್ ಹತ್ತಿ ಹೋದರು. ಅತ್ತೆಯವರ ಪೂಜೆ ಮುಗಿದಿತ್ತು, ಪಾರಣೆಯೂ ಆಗಿತ್ತು. ನನ್ನನ್ನು ಕರೆದರು. ಅಡುಗೆಮನೆಯಲ್ಲಿ ಇಬ್ಬರೇ.

"ನೀ ತೆಗದಿಲ್ಲ," ಎಂದರು.

ನಾನು ಒಲೆಯ ಮೇಲಿನ ಹಾಲು ಕೆಳಗಿಳಿಸಿದೆ.

"ಕಣ್ಣಿಗೆ ಕತ್ತಲಿ ಬಂತವ್ವ. ಬೀಳ್ತೀನಿ ಅನಿಸ್ತು. ಕೆನಿ ಮ್ಯಾಲಿನ ಹಣ್ಣಷ್ಟ ತೊಗೊಂಡೆ, ಆ ಹಿಟ್ಟಿಗೆ ಕೈ ಸುದ್ದಾ ಹಚ್ಚಿಲ್ಲ." ಆಮೇಲೆ ನನ್ನ ಮುಖವನ್ನೇ ನೋಡಿದರು. "ಹಣ್ಣಿನ ಮ್ಯಾಲೆ ಅಂಟು ಅಂಟು ಇತ್ತಲ್ಲ, ಏನದು?"

ನಾನು ಮಾತನ್ನು ಅಳೆದು ಆಡುವವಳು. ಮದುವೆಯಾಗಿ ಹದಿನಾಲ್ಕು ವರ್ಷದಲ್ಲಿ ಅತ್ತೆಯವರಿಗೆ ಊಟದ ವಿಷಯದಲ್ಲಿ ಒಂದೂ ಸುಳ್ಳು ಹೇಳಿದವಳಲ್ಲ. ಅದಕ್ಕೇ ಅವರು ನನ್ನನ್ನು ಕೇಳಿದ್ದು.

"ಸಕ್ರಿ ಪಾಕರಿ ಅತ್ತ್ಯಾರ," ಎಂದೆ. "ಸಕ್ರಿ, ನೀರು. ಅಷ್ಟ."

"ಅಷ್ಟನಾ?"

"ಅಷ್ಟ."

ಅವರ ಭುಜ ಇಳಿಯಿತು. ಕೃಷ್ಣಾ ಎಂದು ಗೋಡೆಗೆ ಒರಗಿದರು. "ರಾತ್ರಿ ಎಲ್ಲಾ ಅದೇ ಚಿಂತಿ ಆಗಿತ್ತು. ಹಣ್ಣಿಗೆ ದೋಷ ಇಲ್ಲ ಅಂತ ಮಠದಾಗೂ ಹೇಳ್ಯಾರ. ಮುಂದಿನ ಏಕಾದಶಿಗೆ ಎರಡು ಮೋಸಂಬಿ ತಂದಿಡು. ನಿನ್ನ ಗಂಡನ ಮುಂದ ಹೇಳಬ್ಯಾಡ, ನಗತಾನ."

"ಇಲ್ಲರಿ."

ಹೊಸ ಹಣ್ಣು ಬಂತು. ಇವರು ತೊಳೆ ಬಿಡಿಸಿ ಕೊಟ್ಟರು, ನಾನು ಜೋಡಿಸಿದೆ. ಹೊಳಪು ಬಳಿಯುವಾಗ, "ನಾ ಹೊಂಟಾಗ ಅಮ್ಮ ನಿನ್ನ ಕರಿಯಾಕತ್ತಿದ್ಲಲ್ಲ, ಯಾಕ?" ಎಂದರು. ಬರುವವರನ್ನು ಊಟಕ್ಕೆ ಹೇಗೆ ಕೂಡಿಸೋದು ಅಂತ ಕೇಳಿದರು ಎಂದೆ.

ಒಕುಮುರಾ ಎರಡು ತುಂಡು ತಿಂದರು. ಸುಟ್ಟ ಅಂಚನ್ನೂ ಬಿಡಲಿಲ್ಲ. ಅತ್ತೆಯವರು ಒಳಬಾಗಿಲಲ್ಲಿ ನಿಂತು, ಅವರು ಬಗ್ಗಿ ಬಗ್ಗಿ ನಮಸ್ಕರಿಸುವುದನ್ನು ನೋಡಿ ಸೆರಗಿನಲ್ಲಿ ನಗುತ್ತಿದ್ದರು. ಮುಖದಲ್ಲಿ ಕಳೆ ಇತ್ತು.

ನಮ್ಮವರಿಗೆ ಹೇಳಿದರೆ ಎಂದಾದರೂ ತಾಯಿಯೊಡನೆ ಮಾತಿಗೆ ಮಾತು ಬೆಳೆದಾಗ ಬಾಯಿ ಬಿಟ್ಟಾರು. ನನ್ನ ತಾಯಿಗೆ ಕಾಗದ ಬರೆದರೆ ಅವರು ಯಾರನ್ನೋ ಕೇಳಿ ಪರಿಹಾರ ಬರೆಯುತ್ತಾರೆ. ಪಾಪವೆಂದಾದರೆ ಅದು ಹಿಟ್ಟು ಕದಡಿದವಳದು, ತಿಂದವರದಲ್ಲ. ತಟ್ಟೆ ತೊಳೆದಿಟ್ಟು, ಕ್ಯಾಲೆಂಡರಿನಲ್ಲಿ ಮುಂದಿನ ಏಕಾದಶಿ ಯಾವ ವಾರವೆಂದು ನೋಡಿದೆ. ಇದನ್ನು ಯಾರಿಗೂ ಹೇಳುವುದಿಲ್ಲ ಎಂದು ಅಲ್ಲೇ ನಿಂತು ನಿರ್ಧರಿಸಿದೆ.