ಪ್ಲೇಟಿನ ಕೊನೆಗೆ ಹೇಳಿದ ಹೆಸರು

ಕಿಟಕಿಯ ಸರಳು ನಡುಗುತ್ತಿತ್ತು, ಆ ನಡುಕ ಯಾವ ಸ್ವರ, ಪಂಚಮಕ್ಕೆ ಕೂದಲೆಳೆಯಷ್ಟು ಕಡಿಮೆ, ಎಂದು ಅಬ್ದುಲ್ ರಜಾಕನ ಬೆರಳುಗಳು ತೊಡೆಯ ಮೇಲೆ ತಾವಾಗಿಯೇ ಹುಡುಕತೊಡಗಿದವು — ಮೋಟಾರು ಯಲ್ಲಾಪುರ ಬಿಟ್ಟು ಗಂಟೆಯಾಯಿತು, ಇದು ಮಂಚಿಕೇರಿ, ಶಿರಸಿ ಇನ್ನೂ ದೂರ, ನಾಳೆ ಶುಕ್ರವಾರ, ಜುಮಾ ಮುಗಿಸಿ ತಂಗಿಯನ್ನು ಸಿದ್ದಾಪುರಕ್ಕೆ ಕರೆದೊಯ್ಯುತ್ತೇನೆ ಎಂದು ಬರೆದಿದ್ದಾನೆ ಹೆಂಡತಿಯ ಅಣ್ಣ ಹನೀಫ್, ಮನೆಯ ಹೆಂಗಸಿನ ಹೆಸರನ್ನು ಚಹದಂಗಡಿಯಲ್ಲಿ ಕೂಗಿಸಿದವನ ಮನೆಯಲ್ಲಿ ಅವಳೇಕಿರಬೇಕು ಎಂದೂ ಕೇಳಿದ್ದಾನೆ, ಸರಿಯೇ, ಆ ಕಾಗದದಲ್ಲಿ ಯಾವ ಮಾತು ಸುಳ್ಳು. ಮುಂದಿನ ಸೀಟಿನ ರಘುಪತಿ ಹೆಗಡೆಯವರು ತಿರುಗಿ ಗುರುತು ಹಿಡಿದೇಬಿಟ್ಟರು, ಓ, ಪೇಟಿ ಮಾಸ್ತರು, ಎಮ್ಮನೆ ಗ್ರಾಮಾಫೋನಿನಲ್ಲಿ ನಿಮ್ಮ ಪ್ಲೇಟು ಸವೆದೇ ಹೋತು, ಅಲ್ದಾ, ಕೊನೆಗೆ ಸಾಲೇಹಾ ಹೇಳ್ತ್ರಲಿ, ಅದೆಂತ ರಾಗ, ಆನು ಕೇಳಿದ್ನೇ ಇಲ್ಲೆ. ಚಾಲಕ ಹಯಾತ್ ರಸ್ತೆಯ ಮೇಲಿನ ಕಣ್ಣು ತೆಗೆಯದೆ ನಕ್ಕ, ಅದು ಮಾಸ್ತರ್ರಿಗೆ ಒಬ್ಬರಿಗೇ ಗೊತ್ತಿರೋ ರಾಗ, ಹೆಗಡೇರೆ. ರಜಾಕನೂ ನಕ್ಕಂತೆ ಮಾಡಿದ, ಕಿವಿ ಬಿಸಿಯಾಯಿತು.

ರಾಗವೆಂದರೆ ಅವನಿಗೆ ಮೊದಲು ಅಮ್ಮಿಯ ದನಿ, ಬೆಳಗಿನ ನಮಾಜಿನ ನಂತರ ಅವಳು ಓದುತ್ತಿದ್ದ ಕುರಾನಿನ ಸಾಲುಗಳ ಏರಿಳಿತ, ಅದನ್ನೇ ಅವನು ಮುಂದೆ ನಾಟಕ ಕಂಪನಿಯ ಕಾಲುಪೇಟಿಯ, ಕಾಲಿನಿಂದ ತಿದಿ ತುಳಿಯುವ ಹಾರ್ಮೋನಿಯಮ್ಮಿನ, ಕರಿಬಿಳಿ ಮನೆಗಳಲ್ಲಿ ಹುಡುಕಿದ್ದು, ಪರದೆ ಎಳೆಯುವ ಕೆಲಸಕ್ಕೆ ಸೇರಿದವನು ಮಾಸ್ತರನಾದದ್ದು, ನಾಯಕಿ ವಿರಹದಲ್ಲಿ ತಲೆಬಾಗಿದರೆ ಸಾಕು, ಜನ ಅವಳನ್ನು ಬಿಟ್ಟು ಪೇಟಿಯತ್ತ ನೋಡುವರು, ವನ್ಸ್‌ ಮೋರ್, ವನ್ಸ್‌ ಮೋರ್, ಹುಬ್ಬಳ್ಳಿಯಲ್ಲಿ ಒಬ್ಬಳು ಮಲ್ಲಿಗೆ ದಂಡೆ ಕಳಿಸಿ ಕೇಳಿದ್ದಳು, ಯಾರನ್ನು ನೆನೆದು ನುಡಿಸುತ್ತೀರಿ — ಒಂದು ಕೈಯನ್ನು, ತಾಯಿ. ನಿಕಾಹ್‌ಗೂ ಮೊದಲು ಸಿದ್ದಾಪುರದ ಆ ಮನೆಯಲ್ಲಿ ಪರದೆಯ ಅಂಚಿನಿಂದ ಚಹದ ಬಟ್ಟಲು ಹಿಡಿದು ಬಂದ ಕೈ, ಮಣಿಕಟ್ಟಿನಲ್ಲಿ ಎಣ್ಣೆ ಸಿಡಿದ ಕಲೆ, ಕಾಡುಬಾಳೆಯ ಬೀಜದಷ್ಟು ಕಪ್ಪು. ನಿಕಾಹ್ ಆಗಿ ಹನ್ನೊಂದು ವರ್ಷ, ಅಮ್ಮಿಯೆದುರು ಇಬ್ಬರೂ ನೇರ ಮಾತಾಡಿದವರಲ್ಲ, ಬಾಗಿಲಲ್ಲಿ ನಿಂತು ಕೆಮ್ಮಿದರೆ ಅವಳಿಗೆ ತಿಳಿಯುತ್ತದೆ, ಹೆಸರೇಕೆ ಬೇಕು, ಅಬ್ಬಾ ಯಾವತ್ತು ಅಮ್ಮಿಯ ಹೆಸರು ಹಿಡಿದು ಕರೆದಿದ್ದರು.

ಮತ್ತೆ ಮುಂಬಯಿಯಲ್ಲಿ ಪ್ಲೇಟಿಗೆ ನುಡಿಸಿದ ಆ ಕೋಣೆ, ಗೋಡೆಗೆಲ್ಲ ಕಂಬಳಿ, ಮೂರು ನಿಮಿಷ ನುಡಿಸಿ, ಮುಗಿದ ಕೂಡಲೇ ನಿಮ್ಮ ಹೆಸರು ಹೇಳಿ, ಹಾಗೇ ಪದ್ಧತಿ ಎಂದಿದ್ದ ಅಲ್ಲಿಯವನು, ಹೇಳದಿದ್ದರೆ ಯಾರ ಪ್ಲೇಟೆಂದು ತಿಳಿಯುವುದು ಹೇಗೆ. ನುಡಿಸಿದ, ಕಣ್ಣು ಮುಚ್ಚಿತ್ತು, ಆ ಕಲೆ, ಆ ಬಟ್ಟಲು, ಕೊನೆಯ ಸ್ವರ ಇಳಿಯುತ್ತಿದ್ದಂತೆ ಯಾರೋ ಕೈಸನ್ನೆ ಮಾಡಿದರು, ಬಾಯಿಂದ ಬಂದದ್ದು ತನ್ನ ಹೆಸರಲ್ಲ, ಅವಳದು, ಸಾಲೇಹಾ. ಅವರು ಅದೇ ಹಾಡಿನ ಹೆಸರೆಂದುಕೊಂಡು ಪ್ಲೇಟಿನ ನಡುವಿನ ಚೀಟಿಯ ಮೇಲೂ ಅಚ್ಚು ಹಾಕಿದರು, ತಪ್ಪೆಂದು ಹೇಳಬೇಕಿತ್ತು, ಹೇಳಲಿಲ್ಲ, ಯಾಕೆಂದರೆ, ಯಾ ಅಲ್ಲಾ, ಅದು ತಪ್ಪೆಂದು ಅನ್ನಿಸಿರಲೇ ಇಲ್ಲ.

ಶಿರಸಿ. ಹಯಾತ್ ಚಕ್ರ ತಿರುಗಿಸುತ್ತ ಖುದಾ ಹಾಫಿಜ್ ಮಾಸ್ತರ್ ಎಂದ, ಓಣಿ, ಹೊಸ್ತಿಲು, ನಡುಮನೆಯಲ್ಲಿ ಅವಳ ಟ್ರಂಕು, ಬೀಗ ಹಾಕಿದೆ, ಅಮ್ಮಿ ಮೂಲೆಯಲ್ಲಿ ತಸ್ಬೀಹಿನ ಮಣಿ ಎಣಿಸುತ್ತಿದ್ದಾಳೆ, ಬಂದ್ಯಾ ಎಂದಷ್ಟೇ ಅಂದಳು. ಅವನು ಕೆಮ್ಮಿದ. ಅಡುಗೆಮನೆಯ ಪರದೆಯ ಅಂಚಿನಿಂದ ಕೈ ಬಂತು, ಬಟ್ಟಲು ಬಂತು, ತಗೊಳ್ಳಲು ಬಾಗಿದ, ಕೈ ಬಟ್ಟಲು ಬಿಡಲಿಲ್ಲ. ಪರದೆಯ ಹಿಂದಿನಿಂದ ಅವಳ ದನಿ, ಅಮ್ಮಿ ಕೇಳುವಷ್ಟೇ ದೊಡ್ಡದಾಗಿ, ಹೆಸರು ಊರಿಗೆಲ್ಲ ಹೇಳಿದ್ರಿ, ಹೇಳಿ, ನಾಚಿಕೆ ಏನಿಲ್ಲ ನನಗೆ, ಆದರೆ ಹನ್ನೊಂದು ವರ್ಷದಾಗೆ ನನ್ನ ಕಿವಿಗೆ ಒಂದ್ ಸಲಾನೂ ಬೀಳಲಿಲ್ಲ, ಅದನ್ನ ಪಕ್ಕದ ಮನೆ ಶರೀಫಾ ಬಂದು ನನಗೆ ಹೇಳ್ಬೇಕಾ.

ಅಮ್ಮಿಯ ಮಣಿ ನಿಂತಿತು. ಹೇಳಬೇಕು, ಮೂರಕ್ಷರ, ಮುಂಬಯಿಯಲ್ಲಿ ತಾನಾಗಿ ಬಂದದ್ದು, ಯಲ್ಲಾಪುರದ ಚಹದಂಗಡಿಯಲ್ಲಿ ದಿನಕ್ಕೆ ಹತ್ತು ಸಲ ಗ್ರಾಮಾಫೋನಿನ ಸೂಜಿ ಹೇಳುತ್ತಿರುವುದು, ಸಾ — ಪೇಟಿಯ ತಿದಿ ತುಳಿಯುವ ಕಾಲು ಮಣ್ಣಿನ ನೆಲವನ್ನು ತುಳಿಯುತ್ತಿದೆ, ಸಾ, ಬಟ್ಟಲು ಇಬ್ಬರ ಕೈಯಲ್ಲೂ ಬಿಸಿ, ಅವಳು ಬಿಡಳು, ಅವನೂ ಬಿಡ, ಪರದೆಯ ಅಂಚು, ಮಣಿಕಟ್ಟು, ಕಾಡುಬಾಳೆಯ ಬೀಜದಷ್ಟು ಕಪ್ಪು, ಕಣ್ಣು ಮುಚ್ಚಿದ, ಮುಂಬಯಿಯಲ್ಲಿ ಮುಚ್ಚಿದಂತೆಯೇ, ಆ ಕಲೆ, ಆ ಕಲೆ —